ಮಾವಿಯ ಟ್ರಂಕಿನಲ್ಲಿ ಸಿಕ್ಕ ಮನಿಯಾರ್ಡರ್ ಚೀಟಿಗಳು

ಪ್ರಶ್ನೆ: ನಮ್ಮ ಊರು ಕೊಡಗಿನ ನಾಪೋಕ್ಲು ಹತ್ತಿರ. ಅಪ್ಪನ ಅಕ್ಕ, ಅಂದರೆ ನನ್ನ ಮಾವಿ, ಎಸ್ಸೆಸ್ಸೆಲ್ಸಿ ಮುಗಿಸಿ 1959ರಲ್ಲಿ ಒಬ್ಬರೇ ಬೆಂಗಳೂರಿಗೆ ಹೋದರಂತೆ. ಮದುವೆಯಾಗಲಿಲ್ಲ. ‘ಟೆಲಿಫೋನಿನಲ್ಲಿ ಕೆಲಸ’ ಅಂತ ಮಾತ್ರ ನಮಗೆ ಗೊತ್ತು. 1997ರಲ್ಲಿ ರಿಟೈರ್ ಆಗಿ ಊರಿಗೆ ಬಂದರು, 2004ರಲ್ಲಿ ತೀರಿಕೊಂಡರು. ಈಚೆಗೆ ಅಟ್ಟದಿಂದ ಅವರ ಟ್ರಂಕು ಇಳಿಸಿದೆವು. ದಾರ ಕಟ್ಟಿದ ಮನಿಯಾರ್ಡರ್ ರಸೀದಿಗಳು, ತಾತನ ಸಹಿ ಇರುವ ಚಿಕ್ಕ ಚೀಟಿಗಳು, ಒಂದು ಎಚ್‌ಎಂಟಿ ವಾಚು, ಮೆಟ್ಟಿಲ ಮೇಲೆ ಕೂತ 14 ಹುಡುಗಿಯರ ಫೋಟೊ ಸಿಕ್ಕಿತು. ಅದೇ ಸುಮಾರಿಗೆ ಸೈನ್ಯ ಸೇರಿದ ದೊಡ್ಡಪ್ಪನ ಫೋಟೊ ನಮ್ಮ ಹಜಾರದಲ್ಲಿದೆ. ಮಾವಿಯ ಫೋಟೊ ಎಲ್ಲೂ ಇಲ್ಲ. ಕೇಳಿದರೆ ‘ಅವಳು ಮನೆ ಬಿಟ್ಟು ಹೋದವಳು’ ಅಂತಾರೆ. ಏನಾದರೂ ನಡೆದಿತ್ತಾ? ಆಗ ಹೀಗೆ ಒಂಟಿಯಾಗಿ ಹೋಗುವುದು ಅಷ್ಟು ಅಪರೂಪವೇ? ಅವರ ಬಗ್ಗೆ ಈಗ ತಿಳಿಯುವುದು ಹೇಗೆ?

ಉತ್ತರ: ನಿಮ್ಮ ಪತ್ರದಲ್ಲಿ ನನ್ನ ಕಣ್ಣು ಮೊದಲು ನಿಂತಿದ್ದು ತಾತನ ಸಹಿಯ ಮೇಲೆ. ಅಲ್ಲಿಂದಲೇ ಶುರು ಮಾಡುತ್ತೇನೆ.

ಹಳೆಯ ಮನಿಯಾರ್ಡರ್ ನಡೆಯುತ್ತಿದ್ದ ರೀತಿ ಹೀಗೆ. ದುಡ್ಡು ಕಟ್ಟಿದವರಿಗೆ ಅಂಚೆ ಕಚೇರಿಯಲ್ಲಿ ರಸೀದಿ ಕೊಡುತ್ತಿದ್ದರು. ಫಾರಂ ಊರಿಗೆ ಹೋಗುತ್ತಿತ್ತು. ಪೋಸ್ಟ್‌ಮ್ಯಾನ್ ಮನೆ ಬಾಗಿಲಿಗೆ ಬಂದು, ದುಡ್ಡು ಎಣಿಸಿ ಕೊಟ್ಟು, ಸಹಿ ಹಾಕಿಸಿಕೊಳ್ಳುತ್ತಿದ್ದ. ಫಾರಂನ ಕೆಳಗಿನ ತುಂಡಿಗೆ ಕೂಪನ್ ಅನ್ನುತ್ತಿದ್ದರು. ಅದನ್ನು ಹರಿದು ದುಡ್ಡು ಪಡೆದವರ ಕೈಗೆ ಕೊಡುತ್ತಿದ್ದ. ಕೂಪನ್ನಿನಲ್ಲಿ ನಾಲ್ಕು ಮಾತು ಬರೆಯಲು ಜಾಗ ಇರುತ್ತಿತ್ತು. ಕೊನೆಗೆ, ಪಡೆದವರು ಸಹಿ ಹಾಕಿದ ಸ್ವೀಕೃತಿ ಚೀಟಿ ಕಳಿಸಿದವರ ವಿಳಾಸಕ್ಕೆ ವಾಪಸ್ ಬರುತ್ತಿತ್ತು. ನಿಮಗೆ ಸಿಕ್ಕಿರುವ ಚಿಕ್ಕ ಚೀಟಿಗಳು ಅವೇ.

ಅಂದರೆ ನಿಮ್ಮ ತಾತ ಆ ದುಡ್ಡನ್ನು ತಮ್ಮ ಕೈಯಾರೆ ತೆಗೆದುಕೊಂಡಿದ್ದಾರೆ. ಒಂದು ಸಲ ಅಲ್ಲ, ದಾರ ಕಟ್ಟುವಷ್ಟು ಸಲ. ಜಗಳವಾಡಿಯೋ, ಮರ್ಯಾದೆ ಕಳೆದೋ ಹೋದ ಮಗಳ ದುಡ್ಡನ್ನು ಆ ಕಾಲದ ಅಪ್ಪ ಹೀಗೆ ತಿಂಗಳು ತಿಂಗಳೂ ಸಹಿ ಹಾಕಿ ತೆಗೆದುಕೊಳ್ಳುತ್ತಿದ್ದರಾ? ನನಗಂತೂ ನಂಬಿಕೆ ಬರುವುದಿಲ್ಲ. ಮಾವಿ ಆ ಚೀಟಿಗಳನ್ನು 40 ವರ್ಷ ಜೋಪಾನ ಮಾಡಿದ್ದನ್ನೂ ನೋಡಿ. ಅವರಿಗೆ ಅದು ಬರೀ ಕಾಗದ ಆಗಿರಲಿಲ್ಲ. ಅಪ್ಪನ ಕೈಬರಹ ಅದು.

ದೊಡ್ಡಪ್ಪನೂ ಅದೇ ಸುಮಾರಿಗೆ ಮನೆಯಿಂದ ಹೊರಟವರು. ಅವರೂ ಸಂಬಳ ಕಳಿಸಿರಬಹುದು, ಅವರೂ ವರ್ಷಕ್ಕೊಮ್ಮೆ ರಜೆಗೆ ಬಂದಿರಬಹುದು. ಅವರನ್ನು ಯಾರೂ ‘ಮನೆ ಬಿಟ್ಟು ಹೋದವನು’ ಅನ್ನುವುದಿಲ್ಲ, ಅಲ್ವಾ? ‘ಮಿಲಿಟರಿಗೆ ಹೋದ’ ಅನ್ನುತ್ತಾರೆ. ಹಳೆ ತಲೆಮಾರಿನ ಹೆಂಗಸರ ಮಾತು ಕೇಳಿ ಬರೆದಿಡುವುದು ನನ್ನ ಕೆಲಸ. ಊರೂರು ತಿರುಗುವಾಗ ಈ ವ್ಯತ್ಯಾಸ ಮನೆ ಮನೆಯಲ್ಲೂ ಕಿವಿಗೆ ಬಿದ್ದಿದೆ. ಗಂಡು ಹೋದರೆ ಕೆಲಸದ ಹೆಸರು ಹೇಳುತ್ತಾರೆ. ಹೆಣ್ಣು ಹೋದರೆ ಬಿಟ್ಟುಹೋದ ಮನೆಯ ಹೆಸರು ಹೇಳುತ್ತಾರೆ.

ಇನ್ನು ನಿಮ್ಮ ಎರಡನೇ ಪ್ರಶ್ನೆ. ಮಾವಿಯ ಹಾಗೆ ಹೋದವರು ಎಲ್ಲ ಊರಿನಲ್ಲೂ ಒಬ್ಬಿಬ್ಬರು ಇದ್ದರು. ಆ ಕಾಲಕ್ಕೆ ಅದಕ್ಕೆ ಕಾರಣಗಳೂ ಇದ್ದವು.

1956ರ ನವೆಂಬರ್ 1ರವರೆಗೆ ಕೊಡಗು ತನ್ನದೇ ಒಂದು ರಾಜ್ಯ. ಚಿಕ್ಕದೇ ಸರಿ. 1951ರ ಜನಗಣತಿಯಲ್ಲಿ ಇಲ್ಲಿದ್ದವರು ಎರಡೂ ಕಾಲು ಲಕ್ಷದ ಆಸುಪಾಸು. ಆದರೂ ಮಡಿಕೇರಿಯಲ್ಲಿ ಅದಕ್ಕೊಂದು ಶಾಸನಸಭೆ, ಸಿ.ಎಂ. ಪೂಣಚ್ಚನವರ ಸರ್ಕಾರ, ಅದರ ಕಚೇರಿಗಳು ಇದ್ದವು. ಮೈಸೂರು ರಾಜ್ಯಕ್ಕೆ ಸೇರಿದ ಮೇಲೆ ಮಡಿಕೇರಿ ಒಂದು ಜಿಲ್ಲಾ ಕೇಂದ್ರ ಆಯಿತು. ಓದಿದ ಮಕ್ಕಳಿಗೆ ನೌಕರಿಯ ದಾರಿ ಬೆಂಗಳೂರಿನ ಕಡೆ ತಿರುಗಿತು. ನಿಮ್ಮ ಮಾವಿ ಹೊರಟಿದ್ದು ಇದಾದ ಮೂರನೇ ವರ್ಷ.

ಅದೇ ಹೊತ್ತಿಗೆ ಬೆಂಗಳೂರಿನಲ್ಲಿ ಕಾರ್ಖಾನೆಗಳು ಎದ್ದಿದ್ದವು. 1940ರಲ್ಲಿ ಎಚ್‌ಎಎಲ್, 1948ರಲ್ಲಿ ಐಟಿಐ (ಇಂಡಿಯನ್ ಟೆಲಿಫೋನ್ ಇಂಡಸ್ಟ್ರೀಸ್), 1953ರಲ್ಲಿ ಎಚ್‌ಎಂಟಿ, 1954ರಲ್ಲಿ ಬಿಇಎಲ್. ಇವುಗಳಲ್ಲಿ ಟೆಲಿಫೋನು, ರೇಡಿಯೊ, ಆಮೇಲೆ ವಾಚು ಮಾಡುವ ಕಡೆ ಸಣ್ಣ ಸಣ್ಣ ಭಾಗ ಜೋಡಿಸುವ ಕೆಲಸಕ್ಕೆ ಹುಡುಗಿಯರನ್ನು ತೆಗೆದುಕೊಳ್ಳುತ್ತಿದ್ದರು. 1948ರ ಫ್ಯಾಕ್ಟರಿ ಕಾಯ್ದೆ ಪ್ರಕಾರ ಹೆಂಗಸರಿಗೆ ಬೆಳಿಗ್ಗೆ 6ರಿಂದ ಸಂಜೆ 7ರ ಒಳಗೆ ಮಾತ್ರ ಕೆಲಸ. ಹಾಗಾಗಿ ಊರಿನಲ್ಲಿರುವ ಅಪ್ಪ ಅಮ್ಮನಿಗೆ ‘ಹಗಲು ಕೆಲಸ, ಕತ್ತಲಾಗುವ ಹೊತ್ತಿಗೆ ಹಾಸ್ಟೆಲ್’ ಅಂತ ಹೇಳಬಹುದಿತ್ತು. ಕಳಿಸಲು ಹಿಂಜರಿಯುವ ಮನೆಗೆ ಅದು ಎಷ್ಟು ದೊಡ್ಡ ಮಾತು ಅಂತ ಯೋಚಿಸಿ.

ಈಗ ನಮ್ಮ ಕಡೆಯ ಲೆಕ್ಕ. ಕಾಫಿ ತೋಟ ಇದೆ ಅಂದರೆ ದುಡ್ಡಿದೆ ಅಂತ ಹೊರಗಿನವರು ಅಂದುಕೊಳ್ಳುತ್ತಾರೆ. ನಾಲ್ಕೈದು ಎಕರೆಯವರ ಕಥೆ ಬೇರೆ. 1942ರ ಕಾಯ್ದೆ ಬಂದ ಮೇಲೆ ಬೆಳೆದ ಕಾಫಿಯನ್ನೆಲ್ಲ ಕಾಫಿ ಬೋರ್ಡಿನ ಪೂಲ್‌ಗೆ, ಅಂದರೆ ಎಲ್ಲರ ಕಾಫಿ ಸೇರಿಸಿ ಬೋರ್ಡೇ ಮಾರುವ ವ್ಯವಸ್ಥೆಗೆ, ಹಾಕಬೇಕಿತ್ತು. ದುಡ್ಡು ಒಟ್ಟಿಗೆ ಕೈಗೆ ಬರುತ್ತಿರಲಿಲ್ಲ. ಮಾರಾಟ ಆದ ಹಾಗೆ ಕಂತು ಕಂತಾಗಿ ಬರುತ್ತಿತ್ತು. ಈ ವ್ಯವಸ್ಥೆ ಹೋಗಿದ್ದು 1990ರ ದಶಕದಲ್ಲಿ. ಗದ್ದೆಯ ಭತ್ತ ಊಟಕ್ಕಾಗುತ್ತಿತ್ತು. ಆದರೆ ಸ್ಕೂಲ್ ಫೀಸು, ಅಂಗಡಿ ಬಾಕಿ, ಆಸ್ಪತ್ರೆ ಖರ್ಚು ಕಂತಿಗೆ ಕಾಯುವುದಿಲ್ಲವಲ್ಲ. ಇಂಥ ಮನೆಗೆ ತಿಂಗಳಿಗೊಮ್ಮೆ ತಪ್ಪದೆ ಬರುವ 30 ರೂಪಾಯಿ ಅಂದರೆ ಸಣ್ಣ ವಿಷಯ ಅಲ್ಲ. ನಿಮ್ಮ ರಸೀದಿಗಳನ್ನು ತಾರೀಕಿನ ಪ್ರಕಾರ ಜೋಡಿಸಿ ನೋಡಿ. ಯಾವ ತಿಂಗಳು ಜಾಸ್ತಿ ಕಳಿಸಿದ್ದಾರೆ ಅಂತ ಗುರುತು ಮಾಡಿ. ಜೂನ್ ತಿಂಗಳಲ್ಲಿ ಜಾಸ್ತಿ ಇದ್ದರೆ ಯಾರೋ ಸ್ಕೂಲಿಗೆ ಸೇರಿದ್ದಾರೆ. ಹುತ್ತರಿಗೆ ಮೊದಲು ಜಾಸ್ತಿ ಇದ್ದರೆ ಹಬ್ಬದ ಖರ್ಚಿಗೆ. ನಿಮ್ಮ ಅಪ್ಪ ಹೈಸ್ಕೂಲಿಗೆ ಹೋದ ವರ್ಷ ಯಾವುದು ಅಂತ ಕೇಳಿ, ಆ ವರ್ಷದ ರಸೀದಿಗಳ ಪಕ್ಕ ಇಟ್ಟು ನೋಡಿ. ಹೀಗೆ ಜೋಡಿಸಿದಾಗ ಮನೆಯ ಗಂಡುಮಕ್ಕಳು ಮಾತಿಲ್ಲದೆ ಕೂತಿದ್ದನ್ನು ನಾನು ನೋಡಿದ್ದೇನೆ.

ಮಾವಿಗಿಂತ ಮೊದಲಿನ ತಲೆಮಾರಿನಲ್ಲಿ ಹೋದವರು ಹೆಚ್ಚಾಗಿ ನರ್ಸುಗಳು, ಟೀಚರುಗಳು. ನರ್ಸಿಂಗ್‌ಗೆ ಹೋದವರ ಲೆಕ್ಕ ಸರಳ. ತರಬೇತಿಯ ಕಾಲದಲ್ಲಿ ಊಟ, ವಸತಿ, ಯೂನಿಫಾರಂ ಆಸ್ಪತ್ರೆಯದೇ. ಕೈಗೆ ಸ್ವಲ್ಪ ಸ್ಟೈಪೆಂಡ್ ಕೂಡ ಬರುತ್ತಿತ್ತು. ಅಪ್ಪ ಇಲ್ಲದ ಮನೆಯ ಹುಡುಗಿಗೂ ಅದು ತೆರೆದ ಬಾಗಿಲು. ಮೈಸೂರಿನ ಹೋಲ್ಡ್ಸ್‌ವರ್ತ್ ಮಿಷನ್ ಆಸ್ಪತ್ರೆ, ಬೆಂಗಳೂರಿನ ಸೇಂಟ್ ಮಾರ್ಥಾಸ್, ಮಂಗಳೂರಿನ ಫಾದರ್ ಮುಲ್ಲರ್ಸ್, ಈ ಹೆಸರುಗಳು ನಮ್ಮ ಕಡೆ ಅಜ್ಜಿಯರ ಬಾಯಲ್ಲಿ ಈಗಲೂ ಬರುತ್ತವೆ. ಕಾಲೇಜು ಓದಬೇಕಾದವರು ಮದರಾಸಿಗೋ ಮಂಗಳೂರಿಗೋ ಹೋಗಬೇಕಿತ್ತು. ಮಂಗಳೂರಿನ ಸೇಂಟ್ ಆಗ್ನೆಸ್ ಕಾಲೇಜು 1921ರಲ್ಲೇ ಶುರುವಾಗಿತ್ತು. ಮಡಿಕೇರಿಗೆ ಸರ್ಕಾರಿ ಕಾಲೇಜು ಬಂದಿದ್ದು 1949ರಲ್ಲಿ.

ಮದುವೆಯ ಮಾತಿಗೆ ಬರುತ್ತೇನೆ. ಪತ್ರದಲ್ಲಿ ನೀವು ‘ಮದುವೆಯಾಗಲಿಲ್ಲ’ ಅಂತ ಒಂದೇ ಮಾತಿನಲ್ಲಿ ಹೇಳಿ ಮುಗಿಸಿದ್ದೀರಿ. ಇದನ್ನು ಸ್ವಲ್ಪ ನಿಧಾನವಾಗಿ ನೋಡಬೇಕು. ಆಗ ಎಷ್ಟೋ ನೌಕರಿಗಳಲ್ಲಿ ಮದುವೆಯಾದ ಹೆಣ್ಣಿಗೆ ಜಾಗವೇ ಇರಲಿಲ್ಲ.

ಇದಕ್ಕೆ ದೊಡ್ಡ ಉದಾಹರಣೆ ನಮ್ಮ ವಿರಾಜಪೇಟೆಯಲ್ಲೇ ಹುಟ್ಟಿದವರು. ಸಿ.ಬಿ. ಮುತ್ತಮ್ಮ. 1924ರಲ್ಲಿ ಹುಟ್ಟಿದರು. ಒಂಬತ್ತನೇ ವಯಸ್ಸಿಗೆ ಅಪ್ಪ ತೀರಿಕೊಂಡರು. ಅಮ್ಮ ನಾಲ್ಕು ಮಕ್ಕಳನ್ನು ಓದಿಸಿದರು. ಮಡಿಕೇರಿಯ ಸೇಂಟ್ ಜೋಸೆಫ್ ಹುಡುಗಿಯರ ಶಾಲೆ, ಆಮೇಲೆ ಮದರಾಸು. 1949ರಲ್ಲಿ ಭಾರತೀಯ ವಿದೇಶಾಂಗ ಸೇವೆ ಸೇರಿದ ಮೊದಲ ಮಹಿಳೆ ಅವರು. ಸೇರುವಾಗ ಅವರಿಂದ ಬರೆಸಿಕೊಂಡಿದ್ದು ಏನು ಗೊತ್ತಾ? ಮದುವೆಯಾದರೆ ರಾಜೀನಾಮೆ ಕೊಡುತ್ತೇನೆ ಅಂತ. ಆಮೇಲಿನ ನಿಯಮಗಳಲ್ಲೂ ಮದುವೆಗೆ ಮೊದಲು ಮಹಿಳಾ ಅಧಿಕಾರಿ ಸರ್ಕಾರದ ಒಪ್ಪಿಗೆ ಪಡೆಯಬೇಕು ಅಂತಿತ್ತು. ಗಂಡಸರಿಗೆ ಅದು ಇರಲಿಲ್ಲ. ತಮಗೆ ಬಡ್ತಿ ತಪ್ಪಿದಾಗ ಮುತ್ತಮ್ಮ ಸುಪ್ರೀಂ ಕೋರ್ಟಿಗೆ ಹೋದರು. ತೀರ್ಪು ಬರುವ ಮೊದಲೇ ಸರ್ಕಾರ ಬಡ್ತಿ ಕೊಟ್ಟುಬಿಟ್ಟಿತು, ಅರ್ಜಿ ವಜಾ ಆಯಿತು. ಆದರೂ 1979ರಲ್ಲಿ ನ್ಯಾಯಮೂರ್ತಿ ಕೃಷ್ಣ ಅಯ್ಯರ್ ಈ ನಿಯಮಗಳನ್ನು ಕಟುವಾಗಿ ಟೀಕಿಸಿದರು. ಮುತ್ತಮ್ಮ ಮದುವೆಯಾಗಲಿಲ್ಲ. 2009ರಲ್ಲಿ ಬೆಂಗಳೂರಿನಲ್ಲಿ ತೀರಿಕೊಂಡರು.

ಅಷ್ಟು ಮೇಲಿನ ಹುದ್ದೆಯಲ್ಲೇ ಹೀಗಿದ್ದರೆ ಉಳಿದವರದ್ದು ಹೇಳಬೇಕಾ? ಬೊಂಬಾಯಿಯ ಒಂದು ಔಷಧ ಕಂಪನಿ ಮದುವೆಯಾದ ಹುಡುಗಿಯರನ್ನು ಕೆಲಸದಿಂದ ತೆಗೆಯುತ್ತಿತ್ತು. ಅದು ತಪ್ಪು ಅಂತ ಸುಪ್ರೀಂ ಕೋರ್ಟ್ ಹೇಳಿದ್ದು 1965ರಲ್ಲಿ. ಸೈನ್ಯದ ನರ್ಸಿಂಗ್ ಸೇವೆಯಲ್ಲಿ ಮದುವೆಯ ಕಾರಣಕ್ಕೆ ಹೊರಗೆ ಹಾಕುವ ನಿಯಮ 1995ರವರೆಗೂ ಇತ್ತು. 1988ರಲ್ಲಿ ಹಾಗೆ ಕೆಲಸ ಕಳೆದುಕೊಂಡ ಒಬ್ಬ ಅಧಿಕಾರಿಗೆ 60 ಲಕ್ಷ ರೂಪಾಯಿ ಪರಿಹಾರ ಸಿಕ್ಕಿದ್ದು 2024ರಲ್ಲಿ.

ಮಾವಿಯ ಕೆಲಸದಲ್ಲಿ ಇಂಥ ನಿಯಮ ಇತ್ತು ಅಂತ ನಾನು ಹೇಳುತ್ತಿಲ್ಲ. ಆದರೆ ಆ ಕಾಲದ ಗಾಳಿಯೇ ಅಂಥದ್ದು. ಕೆಲಸ ಬೇಕೋ ಮದುವೆ ಬೇಕೋ ಅಂತ ಹುಡುಗಿಯರನ್ನು ಮಾತ್ರ ಕೇಳುತ್ತಿದ್ದರು. ಇನ್ನೊಂದು ಕಡೆ ಮನೆಯ ಒತ್ತಡ. ತಮ್ಮನ ಓದು ಮುಗಿಯಲಿ, ತಂಗಿಯ ಮದುವೆಯಾಗಲಿ ಅಂತ ಒಂದೊಂದೇ ವರ್ಷ ಮುಂದೆ ಹೋಗುತ್ತಿತ್ತು. ಕಳಿಸುವ ದುಡ್ಡು ನಿಂತರೆ ಮನೆ ನಡೆಯುವುದಿಲ್ಲ ಅಂತ ಹುಡುಗಿಗೂ ಗೊತ್ತು, ಅಪ್ಪನಿಗೂ ಗೊತ್ತು. ಯಾರೂ ಬಾಯಿಬಿಟ್ಟು ಹೇಳುತ್ತಿರಲಿಲ್ಲ. 30 ದಾಟಿದ ಮೇಲೆ ‘ಅವಳಿಗೇ ಮದುವೆ ಬೇಡವಾಗಿತ್ತು’ ಅನ್ನುವ ಮಾತು ಹುಟ್ಟಿಕೊಳ್ಳುತ್ತಿತ್ತು. ಕೆಲವರಿಗೆ ನಿಜವಾಗಿಯೂ ಬೇಡವಾಗಿತ್ತು, ಅದನ್ನೂ ಹೇಳಬೇಕು. ಸ್ವಂತ ದುಡಿಮೆ, ಸ್ವಂತ ಬೀಗದ ಕೈ, ಭಾನುವಾರ ಗೆಳತಿಯರ ಜೊತೆ ಕಬ್ಬನ್ ಪಾರ್ಕು. ಆ ಬದುಕನ್ನು ಇಷ್ಟಪಟ್ಟೆ ಅಂತ ನನ್ನ ಹತ್ತಿರ ಹೇಳಿದವರಿದ್ದಾರೆ. ಹೇಳುವಾಗ ಅವರ ಮುಖ ಅರಳುತ್ತಿತ್ತು. ನಿಮ್ಮ ಮಾವಿ ಯಾವ ಕಡೆಯವರೋ, ಅಥವಾ ಎರಡೂ ಆಗಿದ್ದರೋ, ಹೇಳಬಲ್ಲವರು ಅವರ ಗೆಳತಿಯರು ಮಾತ್ರ.

‘ಒಬ್ಬರೇ ಹೋದರು’ ಅಂದಿದ್ದೀರಿ. ಬಸ್ಸಿನಲ್ಲಿ ಒಬ್ಬರೇ ಕೂತಿರಬಹುದು. ಆದರೆ ಆ ಕಡೆ ಇಳಿಸಿಕೊಳ್ಳಲು ಯಾರಾದರೂ ಇರುತ್ತಿದ್ದರು. ಕೊಡಗಿಗೆ ಅಂದೂ ರೈಲಿಲ್ಲ, ಇಂದೂ ಇಲ್ಲ. ನಾಪೋಕ್ಲಿನಿಂದ ಮಡಿಕೇರಿ, ಕುಶಾಲನಗರದಲ್ಲಿ ಕಾವೇರಿ ಸೇತುವೆ ದಾಟಿ ಹುಣಸೂರು, ಮೈಸೂರು. ಅಲ್ಲಿಂದ ರೈಲೋ ಇನ್ನೊಂದು ಬಸ್ಸೋ. ಬೆಂಗಳೂರಿನಲ್ಲಿ ಮೊದಲ ಕೆಲವು ವಾರ ಮಿಲಿಟರಿಯಲ್ಲೋ ಪೊಲೀಸಿನಲ್ಲೋ ಇದ್ದ ನೆಂಟರ ಮನೆ. ಆಮೇಲೆ ಹಾಸ್ಟೆಲ್. ಒಬ್ಬಳು ನೆಲೆ ನಿಂತರೆ ಅವಳ ಹಿಂದೆ ದಾಯಾದಿಯ ಮಗಳು, ಪಕ್ಕದ ಊರಿನ ಹುಡುಗಿ. ಎಸ್ಸೆಸ್ಸೆಲ್ಸಿ ರಿಸಲ್ಟ್ ಬಂದು, ಕಕ್ಕಡದ (ಆಷಾಢದ) ಮಳೆ ಹಿಡಿದುಕೊಳ್ಳುವ ಮೊದಲು ಹೊರಟೆ ಅಂತ ಹೇಳಿದವರು ನನಗೆ ತುಂಬ ಜನ ಸಿಕ್ಕಿದ್ದಾರೆ.

ಇಲ್ಲಿ ಒಂದು ವಿಷಯ ಹೇಳದೆ ಮುಂದೆ ಹೋಗಲು ಮನಸ್ಸಾಗುವುದಿಲ್ಲ. ಮಾವಿಯ ಹತ್ತಿರ ಟ್ರಂಕ್ ಇತ್ತು, ಓದು ಇತ್ತು, ರಸೀದಿ ಇತ್ತು. ಅದೇ ವರ್ಷಗಳಲ್ಲಿ ಅದೇ ಊರುಗಳಿಂದ ಮನೆಕೆಲಸಕ್ಕೆ ಅಂತ ಪಟ್ಟಣಕ್ಕೆ ಹೋದ ಹುಡುಗಿಯರಿದ್ದಾರೆ. ತೋಟದ ಲೈನ್ ಮನೆಯ, ಅಂದರೆ ಕೂಲಿಯವರ ಸಾಲುಮನೆಯ ಮಕ್ಕಳು. ಯಜಮಾನರ ನೆಂಟರು ಬೆಂಗಳೂರಿನಿಂದ ಕಾರಿನಲ್ಲಿ ಬಂದಾಗ ಜೊತೆಗೆ ಕಳಿಸಿಬಿಡುತ್ತಿದ್ದರು. ಅವರಿಗೆ ರಸೀದಿ ಇಲ್ಲ, ಪಿಎಫ್ ಇಲ್ಲ, ಫೋಟೊ ಇಲ್ಲ. ತೋಟ, ಗದ್ದೆಗಳಲ್ಲಿ ದುಡಿಯುವ ಯರವ ಬುಡಕಟ್ಟಿನ ಎಷ್ಟೋ ಹೆಂಗಸರಿಗಂತೂ ಸಾಲದ ಜೀತ ಬಿಟ್ಟು ಊರು ದಾಟುವ ಮಾತೇ ಇರಲಿಲ್ಲ. ಜೀತ ರದ್ದು ಕಾಯ್ದೆ ಬಂದಿದ್ದು 1976ರಲ್ಲಿ. ಇನ್ನು ಮೈಸೂರು ಸೀಮೆಯಿಂದ, ಮಲಬಾರಿನಿಂದ, ದಕ್ಷಿಣ ಕನ್ನಡದಿಂದ ಕೊಡಗಿನ ತೋಟಗಳಿಗೆ ಬಂದ ಹೆಂಗಸರು. ಗಂಡ ಸತ್ತವರು, ಬಿಟ್ಟವರು, ಮದುವೆಯಾಗದವರು. ಆಳು ಕರೆತರುವ ಮೇಸ್ತ್ರಿ ಕೊಟ್ಟ ಮುಂಗಡ ತೀರಿಸಲು ದುಡಿದವರು. ಮಾವಿ ಇಳಿದುಹೋದ ದಾರಿಯಲ್ಲೇ ಅವರು ಹತ್ತಿ ಬಂದರು. ನಿಮ್ಮ ಊರಿನಲ್ಲೇ ಅವರ ಮೊಮ್ಮಕ್ಕಳು ಇರಬಹುದು. ಮಾವಿಯ ಕಥೆ ಹುಡುಕುವಾಗ ಅವರನ್ನೂ ಕೇಳಿ.

ಈಗ ಹುಡುಕುವ ಕೆಲಸ.

‘ಟೆಲಿಫೋನಿನಲ್ಲಿ’ ಅಂದರೆ ಎರಡು ಅರ್ಥ ಇರಬಹುದು. ಒಂದು, ಟೆಲಿಫೋನ್ ಎಕ್ಸ್‌ಚೇಂಜ್. ಅಂದರೆ ಕೇಂದ್ರ ಸರ್ಕಾರದ ಅಂಚೆ ತಂತಿ ಇಲಾಖೆ. ತಲೆಗೆ ಹೆಡ್‌ಫೋನ್ ಹಾಕಿಕೊಂಡು ಟ್ರಂಕ್ ಕಾಲ್ ಜೋಡಿಸುವ ಆಪರೇಟರ್ ಕೆಲಸ. ಇನ್ನೊಂದು, ಟೆಲಿಫೋನ್ ತಯಾರಿಸುವ ಐಟಿಐ ಕಾರ್ಖಾನೆ. ಅದಿದ್ದದ್ದು ಕೃಷ್ಣರಾಜಪುರದ ಹತ್ತಿರ ದೂರವಾಣಿನಗರದಲ್ಲಿ. ಊರಿನಲ್ಲಿ ಎರಡಕ್ಕೂ ‘ಟೆಲಿಫೋನ್’ ಅಂತಲೇ ಹೇಳುತ್ತಿದ್ದರು. ಯಾವುದು ಅಂತ ತಿಳಿಯಲು ರಸೀದಿಗಳ ಮೇಲಿನ ಅಂಚೆ ಮುದ್ರೆ ನೋಡಿ. ಬೆಳಕಿಗೆ ಓರೆಯಾಗಿ ಹಿಡಿದರೆ ಮಾಸಿದ ಮುದ್ರೆಯೂ ಕಾಣುತ್ತದೆ. ದೂರವಾಣಿನಗರದ ಮುದ್ರೆ ಮತ್ತೆ ಮತ್ತೆ ಬಂದಿದ್ದರೆ ಕಾರ್ಖಾನೆ ಅಂತ ಹೇಳಬಹುದು. ಊರಿಗೆ ಬಂದ ಮೇಲೆ ಅವರಿಗೆ ತಿಂಗಳು ತಿಂಗಳೂ ಸರ್ಕಾರಿ ಪಿಂಚಣಿ ಬರುತ್ತಿತ್ತಾ ಅಂತ ಅಪ್ಪನನ್ನು ಕೇಳಿ. ಬರುತ್ತಿದ್ದರೆ ಹೆಚ್ಚಾಗಿ ಇಲಾಖೆಯ ಕೆಲಸ. ಪಿಂಚಣಿ ಆದೇಶದ ನಂಬರ್ ಬ್ಯಾಂಕಿನ ಅಥವಾ ಅಂಚೆ ಕಚೇರಿಯ ಪಾಸ್‌ಬುಕ್ಕಿನಲ್ಲಿ ಸಿಗಬಹುದು. ಅಂಥ ಪಿಂಚಣಿ ಇಲ್ಲದೆ, ರಿಟೈರ್ ಆದಾಗ ಪಿಎಫ್, ಗ್ರಾಚುಟಿ ಅಂತ ಒಂದು ಗಂಟು ಮಾತ್ರ ಬಂದಿದ್ದರೆ ಹೆಚ್ಚಾಗಿ ಕಾರ್ಖಾನೆ. ಆ ಗಂಟು ಎಲ್ಲಿ ಹೋಯಿತು ಅಂತಲೂ ಕೇಳಿ. ಮನೆಯ ಹೆಂಚು ಬದಲಾಗಿದ್ದು, ತೋಟಕ್ಕೆ ಮೋಟಾರ್ ಬಂದಿದ್ದು ಅದೇ ವರ್ಷ ಇದ್ದರೂ ಇರಬಹುದು.

ಹಾಗೆ ಕೇಳುವಾಗ ಪಾಲಿನ ವಿಷಯ ಏಳುತ್ತದೆ, ಸಿದ್ಧವಾಗಿರಿ. ಐನ್‌ಮನೆ (ಕುಟುಂಬದ ಮೂಲಮನೆ), ಒಕ್ಕದ (ಕುಲದ) ಜಮೀನು ಗಂಡು ಸಂತಾನದ್ದು ಅನ್ನುವುದು ರೂಢಿ. ಪಿತ್ರಾರ್ಜಿತ ಆಸ್ತಿಯಲ್ಲಿ ಹೆಣ್ಣುಮಕ್ಕಳಿಗೆ ಹುಟ್ಟಿನಿಂದ ಪಾಲು ಅಂತ ಕರ್ನಾಟಕದಲ್ಲಿ ಕಾನೂನು ಜಾರಿಯಾಗಿದ್ದು 1994ರಲ್ಲಿ. ಅದಕ್ಕೆ ಮೊದಲೇ ಮದುವೆಯಾದವರನ್ನು ಅದು ಬಿಟ್ಟಿತ್ತು, ಮದುವೆಯಾಗದವರನ್ನು ಸೇರಿಸಿತ್ತು. ಮಾವಿ ಊರಿಗೆ ಬಂದಿದ್ದು ಅದಾಗಿ ಮೂರು ವರ್ಷಕ್ಕೆ. ಮದುವೆಯಾಗದ ಅಕ್ಕ ವಾಪಸ್ ಬಂದರೆ ತಮ್ಮಂದಿರಿಗೆ ಪ್ರೀತಿಯ ಜೊತೆ ಒಂದು ಅಂಜಿಕೆಯೂ ಇರುತ್ತಿತ್ತು. ‘ಮನೆ ಬಿಟ್ಟು ಹೋದವಳು’ ಅನ್ನುವ ಮಾತು ಕೆಲವು ಮನೆಗಳಲ್ಲಿ ಗಟ್ಟಿಯಾಗಿದ್ದೇ ಆ ಹೊತ್ತಿನಲ್ಲಿ. ನಿಮ್ಮ ಮನೆಯಲ್ಲಿ ಹಾಗೇ ಆಯಿತು ಅಂತಲ್ಲ. ಆದರೆ ಆ ಮಾತು ಯಾರ ಬಾಯಿಂದ, ಯಾವಾಗಿನಿಂದ ಬಂತು ಅಂತ ಮೆಲ್ಲಗೆ ವಿಚಾರಿಸಿ. 1959ರಿಂದ ಬಂತೋ, 1997ರಿಂದ ಬಂತೋ?

ವಾಚಿನ ಬಗ್ಗೆ. ಎಚ್‌ಎಂಟಿ ಬೆಂಗಳೂರಿನಲ್ಲಿ ವಾಚು ಮಾಡಲು ಶುರು ಮಾಡಿದ್ದು 1961ರಲ್ಲಿ, ಜಪಾನಿನ ಸಿಟಿಜನ್ ಕಂಪನಿಯ ಜೊತೆ. ಹೆಂಗಸರ ವಾಚುಗಳಲ್ಲಿ ‘ಸುಜಾತ’ ಹೆಸರುವಾಸಿ. ಮುಖದ ಮೇಲೆ ಹೆಸರಿದೆಯಾ ನೋಡಿ, ಕೀಲಿ ಕೊಟ್ಟು ನೋಡಿ. ಎಷ್ಟೋ ವಾಚು ಇನ್ನೂ ನಡೆಯುತ್ತವೆ.

ಫೋಟೊವನ್ನು ನಾನು ಕೊನೆಗೆ ಇಟ್ಟುಕೊಂಡಿದ್ದೇನೆ, ಯಾಕೆಂದರೆ ಎಲ್ಲಕ್ಕಿಂತ ಬೆಲೆಯುಳ್ಳದ್ದು ಅದೇ. ಹಿಂಬದಿ ತಿರುಗಿಸಿ. ಸ್ಟುಡಿಯೊ ಮುದ್ರೆ, ತಾರೀಕು, ಪೆನ್ಸಿಲಿನಲ್ಲಿ ಬರೆದ ಹೆಸರು ಇರಬಹುದು. ಆಮೇಲೆ ಸೀರೆ ನೋಡಿ. ನೆರಿಗೆ ಮುಂದೆ ಕಾಣದೆ, ಸೆರಗು ಎಡ ಕಂಕುಳ ಕೆಳಗಿಂದ ಬಂದು ಬಲ ಭುಜದ ಮೇಲೆ ಗಂಟಾಗಿದ್ದರೆ ಆ ಹುಡುಗಿ ನಮ್ಮ ಕಡೆಯವಳು. ಕೊಡವರೂ ಇರಬಹುದು, ಅರೆಭಾಷೆ ಗೌಡರೂ ಇರಬಹುದು. ಬೆಂಗಳೂರಿಗೆ ಹೋದ ಮೇಲೆ ಹಲವರು ನೆರಿಗೆ ಮುಂದೆ ಹಾಕಿ ಉಡಲು ಕಲಿತರು, ಹಾಗಾಗಿ ಉಳಿದವರಲ್ಲೂ ಒಬ್ಬಿಬ್ಬರು ಕೊಡಗಿನವರು ಇರಬಹುದು. ಫೋಟೊವನ್ನು ಮೊಬೈಲಿನಲ್ಲಿ ತೆಗೆದು, ಒಂದೊಂದು ಮುಖ ದೊಡ್ಡದು ಮಾಡಿ, ಪ್ರಿಂಟ್ ಹಾಕಿಸಿಕೊಳ್ಳಿ. ವಯಸ್ಸಾದವರಿಗೆ ಸ್ಕ್ರೀನಿಗಿಂತ ಕಾಗದ ಒಳ್ಳೆಯದು. ಬೆಂಗಳೂರಿನ ವಸಂತನಗರದ ಕೊಡವ ಸಮಾಜದಲ್ಲಿ ಹಿರಿಯರಿಗೆ ತೋರಿಸಿ. ನಾಪೋಕ್ಲು, ಮೂರ್ನಾಡು, ವಿರಾಜಪೇಟೆ ಕಡೆ ಮದುವೆ ಮನೆಗಳಿಗೆ ಹೋಗುವಾಗ ಚೀಲದಲ್ಲಿಟ್ಟುಕೊಳ್ಳಿ. ಮಾವಿ ಓದಿದ ಶಾಲೆಗೂ ಹೋಗಿ. ದಾಖಲಾತಿ ಪುಸ್ತಕದಲ್ಲಿ ಅವರ ಜೊತೆ ಎಸ್ಸೆಸ್ಸೆಲ್ಸಿ ಬರೆದ ಹುಡುಗಿಯರ ಹೆಸರು ಸಿಕ್ಕರೆ ಅರ್ಧ ಕೆಲಸ ಮುಗಿದ ಹಾಗೆ.

ತಾತನ ಕಾಗದಪತ್ರ ಯಾರ ಹತ್ತಿರ ಇದೆ? ಕಂದಾಯದ ರಸೀದಿ, ಜಮೀನಿನ ಪತ್ರಗಳ ಜೊತೆ ಹಳೆಯ ಮನಿಯಾರ್ಡರ್ ಕೂಪನ್ನುಗಳು ಸೇರಿಕೊಂಡಿರುವುದನ್ನು ನಾನು ಎಷ್ಟೋ ಮನೆಗಳಲ್ಲಿ ನೋಡಿದ್ದೇನೆ. ಟ್ರಂಕಿನಲ್ಲಿ ತಾತನ ಸಹಿ ಸಿಕ್ಕಿತು. ಮಾವಿ ತಾವೇ ಬರೆದ ಸಾಲುಗಳು ಉಳಿದಿದ್ದರೆ ಆ ಪೆಟ್ಟಿಗೆಯಲ್ಲಿ ಉಳಿದಿರುತ್ತವೆ.

ಆ ಮೆಟ್ಟಿಲ ಮೇಲಿನ ಹುಡುಗಿಯರಲ್ಲಿ ಬದುಕಿರುವವರಿಗೆ ಈಗ 85ರ ಮೇಲಾಗಿರುತ್ತದೆ. ಕಾಗದಗಳು ಇನ್ನೊಂದು ವರ್ಷ ಕಾಯಬಹುದು. ಮಳೆ ಶುರುವಾಗುವ ಮೊದಲು ಫೋಟೊ ಹಿಡಿದುಕೊಂಡು ಹೊರಡಿ.